ಕಣ್ಣು ಮುಚ್ಚಿ ಕೇಳುವ ಶಾಸ್ತ್ರ

ಸಂಜೆ ಐದು ನಲವತ್ತೆರಡಕ್ಕೆ ನಮ್ಮ ವ್ಯಾನ್ ಡ್ರೈವರ್ ಕಣ್ಣು ಮುಚ್ಚಿದರು. ಭದ್ರಾವತಿ ದಾಟಿ ಶಿವಮೊಗ್ಗದ ಕಡೆ ಹೊರಟಿದ್ದೆವು. ಒಳಗೆ ಶಂಕರಘಟ್ಟದಲ್ಲಿ ಕೆಲಸ ಮುಗಿಸಿದ, ನಾನೂ ಸೇರಿ ಎಂಟು ಜನ.

ಬೆಂಗಳೂರಿನ ಫುಟ್‌ಬಾಲ್ ತಂಡದ ಆಟವನ್ನು ಅವರು ಫೋನಿನ ರೇಡಿಯೋದಲ್ಲಿ ಕೇಳುತ್ತಿದ್ದರು. ಕೇಳುವುದಕ್ಕೂ ಅವರದೊಂದು ಶಾಸ್ತ್ರ: ಎಡಗಿವಿ ಕಾಮೆಂಟರಿಗೆ, ಬಲಗಿವಿ ಹಾರ್ನ್‌ಗೆ. ಗೇರ್ ಹಾಕುವ ಕೈಯಲ್ಲೇ ಚೆಂಡು ಹೋದ ದಿಕ್ಕನ್ನು ಗಾಳಿಯಲ್ಲಿ ಬರೆಯುತ್ತಿದ್ದರು. "ಟಿವಿ ನೋಡೋದು ಸೋಮಾರಿಗಳ ಕೆಲ್ಸ. ಕಣ್ಣು ಮುಚ್ಚಿದ್ರೇನೇ ಗ್ರೌಂಡ್ ಕಾಣೋದು" ಎಂದು ದಿನವೂ ಬೋಧಿಸುತ್ತಿದ್ದರು. ಸ್ಟಿಯರಿಂಗ್ ಹಿಡಿದೂ ಅದನ್ನು ಪಾಲಿಸುತ್ತಾರೆಂದು ನಾವು ಎಣಿಸಿರಲಿಲ್ಲ.

ಅಂದು ತಂಡಕ್ಕೆ ಪೆನಾಲ್ಟಿ ಸಿಕ್ಕಿತು, ಅವರು ಭಕ್ತಿಯಿಂದ ಕಣ್ಣು ಮುಚ್ಚಿದರು, ಎದುರಿನಿಂದ ಕಬ್ಬಿನ ಲಾರಿ ಬಂತು. ನಾನು ಕಿರುಚಿದ ಮೇಲೆ ಬ್ರೇಕ್ ಬಿತ್ತು. ವ್ಯಾನ್ ಚರಂಡಿಯ ಅಂಚಿನಲ್ಲಿ ನಿಂತಿತು.

ಅವರು ಇಯರ್‌ಫೋನ್ ಸರಿಮಾಡಿಕೊಂಡು ನನ್ನ ಕಡೆ ತಿರುಗಿದರು. "ಏನ್ ಮಾರಾಯ್ತಿ, ನಿಮ್ಮ ಕಿರುಚಾಟದಲ್ಲಿ ಗೋಲಾಯ್ತೋ ಇಲ್ವೋ ಕೇಳ್ಲೇ ಇಲ್ಲ."

"ಹೋಗ್ಲಿ ಬಿಡಿ ಮೇಡಂ, ಒಳ್ಳೇ ಮನುಷ್ಯ" ಎಂದರು ಹಿಂದಿನ ಸೀಟಿನವರು, ಮುಂದಿನ ಸೀಟನ್ನು ಎರಡೂ ಕೈಯಲ್ಲಿ ಅಪ್ಪಿಕೊಂಡೇ.

ಮರುದಿನದಿಂದ ನಾನು ಬಸ್ ಹಿಡಿದೆ. ಆದರೂ ಪ್ರತಿ ರಾತ್ರಿ ಆ ಲಾರಿ ಕಂಡು ಎಚ್ಚರವಾಗುತ್ತಿತ್ತು; ಉಳಿದ ಏಳು ಜನ ಇನ್ನೂ ಅದೇ ವ್ಯಾನಿನಲ್ಲಿದ್ದರು. ಆ ಮಹಾಶಯರ ಲೈಸೆನ್ಸ್ ಅಮಾನತಾದ ಶುಕ್ರವಾರ ರಾತ್ರಿ ಮಾತ್ರ ಬೆಳಗಿನವರೆಗೂ ನಿದ್ದೆ ಮಾಡಿದೆ. ದೂರಿನಲ್ಲಿದ್ದದ್ದು ನನ್ನದೊಂದೇ ಸಹಿ.