ಸಪ್ಪಳ ಬಂದ್ ಮಾಡಿ ನೋಡಿದ ಸಿನಿಮಾ

ದೆವ್ವದ ಸಿನಿಮಾ ನೋಡಿ ಹೆದರುವವರನ್ನು ಕಂಡರೆ ನನಗೆ ಮೊದಲಿನಿಂದಲೂ ಸಿಟ್ಟು. ರೊಕ್ಕ ಕೊಟ್ಟು ಹೆದರಿಕೊಳ್ಳುವುದು ಎಂಥ ಚಟ ಅಂತ ಬೈಯುತ್ತಿದ್ದೆ. ದೆವ್ವ ಇದೆ ಅನ್ನುವವರ ಜೊತೆ ವಾದಕ್ಕೂ ಇಳಿಯುತ್ತಿರಲಿಲ್ಲ, ನಕ್ಕು ಎದ್ದು ಹೋಗುತ್ತಿದ್ದೆ. ನನ್ನ ತವರು ಮೇಡ್ಲೇರಿ. ಹೊಳೆ ದಂಡೆಯ ಹೊಲ. ನೀರು ಹಾಯಿಸಲು ಅಪ್ಪನ ಜೊತೆ ಕತ್ತಲಲ್ಲೇ ಹೋಗಿ ಬೆಳೆದವಳು ನಾನು. ಹಾವಿಗೆ ಹೆದರಿದ್ದೇನೆ. ಕುಡಿದು ಬರುವ ಗಂಡಸರಿಗೆ ಹೆದರಿದ್ದೇನೆ. ಬೇರೆ ಯಾವುದಕ್ಕೂ ಇಲ್ಲ. ಮದುವೆಯಾಗಿ ಬ್ಯಾಡಗಿಗೆ ಬಂದೆ. ಅತ್ತೆ ಸತ್ತಾಗ ಮೈ ತೊಳೆದವಳು ನಾನೇ, ಗಂಡ ಸತ್ತಾಗಲೂ ನೀರು ಹಾಕಿದವಳು ನಾನೇ. ಅವರು ಯಾರೂ ತಿರುಗಿ ಬಂದು ನನ್ನನ್ನು ಏನೂ ಕೇಳಲಿಲ್ಲ.

ಈಗಲೂ ದೆವ್ವ ಇದೆ ಅಂತ ನಾನು ಹೇಳುವುದಿಲ್ಲ. ಕೆಲವು ವರ್ಷಗಳ ಹಿಂದೆ ಒಂದು ಮಧ್ಯಾಹ್ನ ನಮ್ಮ ಮನೆಯಲ್ಲಿ ನಡೆದದ್ದನ್ನು ಮಾತ್ರ ಹೇಳುತ್ತೇನೆ. ನಾನು ಕಲಿತದ್ದು ನಾಲ್ಕನೇ ಇಯತ್ತೆ, ಹೆಚ್ಚು ಬಣ್ಣ ಹಚ್ಚಿ ಬರೆಯಲು ಬರುವುದಿಲ್ಲ.

ನನ್ನ ಮೊಮ್ಮಗಳು ಅಕ್ಷತಾ, ಮಗನ ಮಗಳು. ಪಿಯುಸಿ ಮುಗಿಸಿದ ವರ್ಷ ಅವಳಿಗೆ ಹಾವೇರಿಯಲ್ಲಿ ನರ್ಸಿಂಗ್ ಸೀಟು ಸಿಕ್ಕಿತು. ಹಾಸ್ಟೆಲಿನಲ್ಲಿ ಇರಬೇಕು. ನಮ್ಮ ಮನೆತನದಲ್ಲಿ ಅಷ್ಟು ಓದಿದ ಹೆಣ್ಣುಮಗಳು ಅವಳೇ ಮೊದಲು. ಮಗ ಮಲ್ಲೇಶಿ ಮೆಣಸಿನಕಾಯಿ ಪೇಟೆಯಲ್ಲಿ ದಲಾಲಿ ಅಂಗಡಿ ಇಟ್ಟವನು, ಅವನಿಗೆ ಅರೆಮನಸ್ಸು. ರಾಣೇಬೆನ್ನೂರಿನಿಂದ ಬಟ್ಟೆ ಅಂಗಡಿಯವರು ಹುಡುಗಿಯನ್ನು ಕೇಳಿದ್ದರು. ಓದು ಮುಗಿಯುವ ತನಕ ಲಗ್ನದ ಮಾತು ಎತ್ತಬೇಡ ಅಂತ ನಾನೇ ಪಟ್ಟು ಹಿಡಿದು ಅವನನ್ನು ಒಪ್ಪಿಸಿದ್ದೆ.

ಅಷ್ಟರಲ್ಲಿ ಈ ಹುಡುಗಿ ಒಂದು ದೆವ್ವದ ಸಿನಿಮಾ ನೋಡಿದಳು. ಯಾವುದೋ ಬೇರೆ ದೇಶದ್ದು. ಗೆಳತಿಯರು ಹೇಳಿದರಂತ ಮೊಬೈಲಿನಲ್ಲಿ, ಕೌದಿಯೊಳಗೆ, ಕಿವಿಗೆ ವೈರು ಸಿಕ್ಕಿಸಿಕೊಂಡು, ಒಬ್ಬಳೇ ನೋಡಿದಳು. ಆವತ್ತು ನಾನು ಊರಲ್ಲಿ ಇರಲಿಲ್ಲ. ಕುಮಾರಪಟ್ಟಣದ ನನ್ನ ತಂಗಿಯ ಮನೆಗೆ ಹೋಗಿದ್ದೆ. ತಿರುಗಿ ಬಂದಾಗ ಹುಡುಗಿ ಬೇರೆಯೇ ಆಗಿದ್ದಳು. ದೀಪ ಆರಿಸಗೊಡಳು. ಬಾಗಿಲಿಗೆ ಬೆನ್ನು ಮಾಡಿ ಕೂಡಳು. ಸಂಡಾಸ ಇರುವುದು ನಮ್ಮ ಹಿತ್ತಲಲ್ಲಿ. ಅಲ್ಲಿಗೆ ಹಾಡುಹಗಲೇ ಅವಳ ಅವ್ವ ಜೊತೆಗೆ ಬರಬೇಕು, ಬಾಗಿಲ ಹೊರಗೆ ನಿಂತು ಮಾತಾಡುತ್ತಲೇ ಇರಬೇಕು. ಮಾತು ನಿಂತರೆ ಒಳಗಿಂದ ಚೀರುತ್ತಿದ್ದಳು.

ಮಲ್ಲೇಶಿಗೆ ಮಾತು ಸಿಕ್ಕಿತು.

"ಯವ್ವಾ, ಹಿತ್ತಲಕ್ಕ ಹೋಗಾಕ ಇಕಿಗೆ ಜೊತಿ ಬೇಕು. ಅಲ್ಲಿ ಹೆಣ ನೋಡಬೇಕು, ರಾತ್ರಿ ಡ್ಯೂಟಿ ಮಾಡಬೇಕು. ನಾಕ ದಿನಕ್ಕ ಓಡಿ ಬರತಾಳ. ಸುಮ್ನ ರಾಣೇಬೆನ್ನೂರಿನವ್ರಿಗೆ ಹೂಂ ಅಂದ್ಬಿಡೂಣು."

"ಅನ್ನು. ಲಗ್ನ ಆದ ಮ್ಯಾಲೆ ಸಂಡಾಸದ ಮುಂದ ಅಳಿಯನ್ನ ನಿಂದರಿಸ್ತೀಯೇನು?" ಅಂದೆ.

ಅವನು ನಗಲಿಲ್ಲ. ಹಾಸ್ಟೆಲಿಗೆ ಹೋಗುವ ದಿನದೊಳಗೆ ಹುಡುಗಿ ಸರಿಹೋದರೆ ಕಳಿಸುತ್ತೇನೆ, ಇಲ್ಲದಿದ್ದರೆ ಆ ಮಾತೇ ಬೇಡ ಅಂದ. ದಿನ ಬಹಳ ಉಳಿದಿರಲಿಲ್ಲ.

ಸೊಸೆ ರೇಣುಕಾ ತನಗೆ ತಿಳಿದದ್ದು ಮಾಡಿದಳು. ಒಣಮೆಣಸಿನಕಾಯಿ, ಉಪ್ಪು ಹಿಡಿದು ಮಗಳಿಗೆ ದೃಷ್ಟಿ ತೆಗೆದು ಕೆಂಡಕ್ಕೆ ಹಾಕಿದಳು. ಘಾಟು ಹತ್ತಿ ಕೆಮ್ಮು ಬಂದರೆ ಏನೂ ಇಲ್ಲ, ಬರದಿದ್ದರೆ ದೃಷ್ಟಿ ದೊಡ್ಡದು ಅನ್ನುತ್ತಾರೆ. ಕಾಯಿ ಸುಟ್ಟು ಕರಿ ಆದವು. ಮನೆಯಲ್ಲಿ ಒಬ್ಬರೂ ಕೆಮ್ಮಲಿಲ್ಲ. ರೇಣುಕಾಳ ಮುಖ ಬಿಳಿಚಿಕೊಂಡಿತು.

"ನೋಡಿದ್ರೇನ್ರಿ ಅತ್ತಿ, ಒಂದ್ ಕೆಮ್ಮಿಲ್ಲ. ಭಾರಿ ದೃಷ್ಟಿ ಐತ್ರಿ ಇದು."

ಅಷ್ಟೊತ್ತಿಗೆ ಕರ್ಜಗಿಯಿಂದ ಅವಳ ಅಣ್ಣ ಬಂದ. ಹೊಸ್ತಿಲು ದಾಟುವುದರೊಳಗೆ ಕೆಮ್ಮು ಹತ್ತಿ, ಕಣ್ಣು ಮೂಗು ಸುರಿದು, ಕಂಬ ಹಿಡಿದು ನಿಂತ. "ಏನವಾ ತಂಗಿ, ನನ್ನ ಕೊಲ್ಲಾಕ ಕರಸೀಯೇನ?" ಅಂದ.

ನಾನು ನಕ್ಕುಬಿಟ್ಟೆ. ಹುಟ್ಟಿದಾಗಿನಿಂದ ಮೆಣಸಿನಕಾಯಿ ಧೂಳು ಕುಡಿದ ಮೂಗು ನಮ್ಮವು. ಮಗನ ಅಂಗಿ ಒಗೆದರೆ ನೀರು ಕೆಂಪಾಗುತ್ತದೆ. ಇಂಥ ಮನೆಯಲ್ಲಿ ಕಾಯಿ ಸುಟ್ಟು ದೃಷ್ಟಿ ನೋಡಿದರೆ ಎಲ್ಲರಿಗೂ ದೃಷ್ಟಿಯೇ. ರೇಣುಕಾ ಒಪ್ಪಲಿಲ್ಲ. ಅಣ್ಣನಿಗೆ ಮೊದಲಿನಿಂದಲೂ ದಮ್ಮಿನ ಕಾಟ ಇದೆ ಅಂದಳು.

ಆ ಘಾಟಿನ ಗದ್ದಲದಲ್ಲೇ ನನಗೆ ಒಂದು ವಿಚಾರ ಹೊಳೆಯಿತು. ನಮ್ಮ ಬ್ಯಾಡಗಿ ಕಾಯಿ ಇರುವುದು ಬಣ್ಣಕ್ಕೆ. ಖಾರ ಬೇಕಾದವರು ಬೇರೆ ಊರಿನ ಕಾಯಿ ಬೆರೆಸುತ್ತಾರೆ. ಪುಡಿ ಕೆಂಪಗೆ ಕಂಡಿತು ಅಂತ ಅದೇ ಉರಿಯುತ್ತದೆ ಅಂತ ಅಲ್ಲ, ಉರಿಯುವ ಕಾಯಿ ಬೇರೆ. ಸಿನಿಮಾದಲ್ಲೂ ಹಾಗೇ ಏನೋ ಬೆರೆಸಿರಬೇಕು ಅನಿಸಿತು. ಅಕ್ಷತಾಳನ್ನು ಕೂರಿಸಿಕೊಂಡು ಕೇಳಿದೆ.

"ಕಣ್ಣ ಮುಚ್ಚಿಕೊಂಡ್ರ ಹೆದರಿಕಿ ಕಮ್ಮಿ ಆಗತೈತೇನ?"

"ಇಲ್ಲಜ್ಜಿ, ಹೆಚ್ಚಾಗತೈತಿ. ಸಪ್ಪಳ ಕೇಳತೈತಲ್ಲ."

"ಎಂಥಾ ಸಪ್ಪಳ?"

ಅವಳು ಎರಡೂ ಕಿವಿ ಮುಚ್ಚಿಕೊಂಡಳು. ಅದನ್ನು ಮಾತ್ರ ಹೇಳಲೇ ಇಲ್ಲ. ನಾನೂ ಒತ್ತಾಯ ಮಾಡಲಿಲ್ಲ. ಚಿತ್ರ ಬಣ್ಣ, ಸಪ್ಪಳ ಘಾಟು, ಅಷ್ಟು ನನಗೆ ತಿಳಿದಿತ್ತು. ಘಾಟು ತೆಗೆದು ತಿನ್ನಿಸಿ ನೋಡೋಣ ಅಂದುಕೊಂಡೆ.

ಮರುದಿನ ಮಲ್ಲೇಶಿ ಪೇಟೆಗೆ ಹೋಗಿದ್ದ. ರೇಣುಕಾ ಅಣ್ಣನ ಜೊತೆ ಕರ್ಜಗಿಗೆ ಹೋಗಿದ್ದಳು. ಊಟ ಆದ ಮೇಲೆ ಬಾಗಿಲು ಕಿಟಕಿ ಎಲ್ಲ ತೆರೆದಿಟ್ಟು, ಆ ಸಿನಿಮಾವನ್ನೇ ಟಿವಿಗೆ ಹಚ್ಚು, ಸಪ್ಪಳ ಪೂರ್ತಿ ಬಂದ್ ಮಾಡು ಅಂದೆ. ಅತ್ತಳು. ಬೈದೆ. ಹಚ್ಚಿದಳು. ನಾನು ಮೊರದಲ್ಲಿ ಮನೆಖರ್ಚಿನ ಮೆಣಸಿನಕಾಯಿ ಹಾಕಿಕೊಂಡು ತೊಟ್ಟು ಮುರಿಯುತ್ತ ಕೂತೆ. ಅವಳು ನನ್ನ ಸೆರಗು ಹಿಡಿದು ಪಕ್ಕಕ್ಕೆ ಕೂತಳು.

ಸಪ್ಪಳ ಇಲ್ಲದ ಸಿನಿಮಾ ನೀವು ನೋಡಿದ್ದೀರೋ ಇಲ್ಲವೋ, ಒಮ್ಮೆ ನೋಡಿ. ಮನುಷ್ಯರು ನೀರಿನಿಂದ ತೆಗೆದ ಮೀನಿನ ಹಾಗೆ ಬಾಯಿ ಬಿಡುತ್ತಿದ್ದರು. ಬಾಗಿಲು ತಾನೇ ಮುಚ್ಚಿಕೊಂಡಿತು. ನಮ್ಮ ಮನೆಯ ಬಾಗಿಲೂ ಗಾಳಿಗೆ ಮುಚ್ಚಿಕೊಳ್ಳುತ್ತದೆ. ಒಬ್ಬ ಹುಡುಗಿ ಕತ್ತಲ ಕೋಣೆಗೆ ಹೊರಟಳು.

"ನೋಡು, ಹೋಗಬ್ಯಾಡಂತ ಎಲ್ಲಾರೂ ಹೇಳ್ಯಾರ. ಹೊಂಟ್ಲು. ನಿನ್ನಂಥಾಕಿನಽ ಅದಾಳ," ಅಂದೆ. ಅಕ್ಷತಾ ಕಿಸಕ್ಕಂತ ನಕ್ಕಳು. ಬಹಳ ದಿನಗಳ ಮೇಲೆ ಕೇಳಿದ ನಗು. ಸೆರಗು ಬಿಟ್ಟಳು.

ನೋಡುತ್ತ ನೋಡುತ್ತ ಇವರ ಹಿಕಮತ್ತು ನನಗೆ ತಿಳಿಯಿತು. ಇವರು ತೋರಿಸುವುದು ಕಡಿಮೆ, ಕಾಯಿಸುವುದು ಹೆಚ್ಚು. ಖಾಲಿ ಮೂಲೆ ತೋರಿಸುತ್ತಾರೆ. ಏನೋ ಬರುತ್ತದೆ, ಬರುತ್ತದೆ ಅಂತ ಸಪ್ಪಳದಿಂದ ಚುಚ್ಚುತ್ತ ಇರುತ್ತಾರೆ. ಖಾಲಿ ಜಾಗಕ್ಕೆ ನಮ್ಮ ತಲೆಯೇ ಏನಾದರೂ ತಂದು ಕೂರಿಸುತ್ತದೆ. ಗಂಡನನ್ನು ಆಸ್ಪತ್ರೆಯಲ್ಲಿ ಒಳಗೆ ಕರೆದುಕೊಂಡು ಹೋದಾಗ ನಾನು ಮುಚ್ಚಿದ ಬಾಗಿಲು ನೋಡುತ್ತ ಹೊರಗೆ ಕೂತಿದ್ದೆ. ಡಾಕ್ಟರು ಹೊರಗೆ ಬಂದು ಜೀವ ಹೋಯಿತು ಅಂತ ಹೇಳಿದಾಗಿನ ಸಂಕಟಕ್ಕಿಂತ ಆ ಬಾಗಿಲು ನೋಡಿದ ಸಂಕಟವೇ ದೊಡ್ಡದಿತ್ತು. ಇದೂ ಅದೇ ಕಸುಬು ಅನಿಸಿತು. ಇನ್ನೇನು, ಹುಡುಗಿ ಗೆದ್ದಳು ಅಂದುಕೊಂಡೆ.

ಆಗ ಟಿವಿಯಲ್ಲಿ ಮರದ ಮೆಟ್ಟಿಲು ತೋರಿಸುತ್ತಿದ್ದರು. ಬರೀ ಮೆಟ್ಟಿಲು. ಮೇಲೆ ಕತ್ತಲು. ಯಾರೂ ಇಲ್ಲ. ನಾನು ಒಮ್ಮೆ ನೋಡಿ ತಲೆ ಬಗ್ಗಿಸಿ ಕಾಯಿ ಮುರಿಯುತ್ತಿದ್ದೆ. ಅಕ್ಷತಾ ನನ್ನ ಮುಂಗೈ ಹಿಡಿದಳು. ಉಗುರು ನೆಟ್ಟಿತು.

"ಅಜ್ಜಿ, ಯಾಕ ಹಾಡಾಕತ್ತೀದಿ?"

"ಯಾರು ಹಾಡಾಕತ್ತಾರ?"

"ನೀನಽ. ಬಾಯಿ ಮುಚ್ಚಿಕೊಂಡು ಗುನುಗುನು ಅಂತ ಹಾಡಿದಿ ಈಗ."

"ಹುಚ್ಚಿ. ನಾ ಯಾವತ್ತು ಹಾಡೇನಿ?"

ಅದು ಖರೆ ಮಾತು. ಮದುವೆ ಮನೆಯಲ್ಲಿ ಸೋಬಾನೆ ಹಾಡು ಅಂದರೆ ನಾನು ಅಡುಗೆಮನೆಗೆ ಹೋಗಿ ಕೂಡುವವಳು. ಮಕ್ಕಳಿಗೂ ಜೋಗುಳ ಹಾಡಿದವಳಲ್ಲ, ತಟ್ಟಿ ಮಲಗಿಸಿದವಳು.

"ಅಜ್ಜಿ, ಅದು ಆಕಿ ಹಾಡೈತಿ," ಅಂದಳು ಅಕ್ಷತಾ. ಟಿವಿಯತ್ತ ಕೈ ಮಾಡಿದಳು. ಆಗ ಮೆಟ್ಟಿಲ ಮೇಲೆ ಒಬ್ಬ ಮುದುಕಿ ನಮಗೆ ಬೆನ್ನು ಮಾಡಿ ಕೂತದ್ದು ಕಂಡಿತು.

ನಾನು ಹಾಡಿದ್ದು ನನ್ನ ಕಿವಿಗೆ ಬಿದ್ದಿರಲಿಲ್ಲ. ಆದರೆ ನನ್ನ ಗಂಟಲಲ್ಲಿ ಒಂದು ಅದುರು ಇನ್ನೂ ಉಳಿದಿತ್ತು. ಹಾಡಿ ಆಗತಾನೇ ನಿಲ್ಲಿಸಿದಾಗ ಇರುತ್ತದಲ್ಲ, ಹಾಗೆ.

ಹಿಂದಕ್ಕೆ ತಿರುಗಿಸು, ಸಪ್ಪಳ ಹಚ್ಚು ಅಂದೆ. ಒಲ್ಲೆ ಅಂದಳು. ಹಚ್ಚು, ನೋಡೇಬಿಡೋಣ ಅಂದೆ. ಹಚ್ಚಿದಳು. ಮತ್ತೆ ಅದೇ ಮೆಟ್ಟಿಲು. ಮುದುಕಿ ಇನ್ನೂ ಬಂದಿಲ್ಲ. ಅಷ್ಟರಲ್ಲೇ ಎಲ್ಲಿಂದಲೋ ಹಾಡು ಶುರುವಾಯಿತು. ಮಾತಿಲ್ಲದ ಹಾಡು. ಮುಚ್ಚಿದ ಬಾಯಿಯದು, ವಯಸ್ಸಾದ ಹೆಂಗಸಿನದು. ಏರಿತು, ಇಳಿಯಿತು, ಮತ್ತೆ ಏರಿತು. ನಾನು ಉಸಿರು ಒಳಗೆ ಎಳೆದುಕೊಂಡೆ. ಎಳೆದುಕೊಂಡ ಮೇಲೆ ಹಾಡು ನಡುವೆಯೇ ಮುರಿಯಿತು, ಹಾಡುವವಳೂ ಹಾಗೇ ಉಸಿರು ಎಳೆದಳು. ಅದು ಅಲ್ಲಿ ಮುರಿಯುತ್ತದೆ ಅಂತ ಮುರಿಯುವ ಮೊದಲೇ ನನಗೆ ಗೊತ್ತಿತ್ತು.

"ಹಿಂಗಽ ಹಾಡಿದಿ. ಅಲ್ಲೇ ನಿಂದರಿಸಿದಿ," ಅಂದಳು ಅಕ್ಷತಾ.

ನನ್ನ ಕೈಯಲ್ಲಿ ಒಂದು ಕಾಯಿ ಇತ್ತು. ಅದನ್ನು ತೊಟ್ಟು ಸಮೇತ ಮೊರಕ್ಕೆ ತಿರುಗಿ ಹಾಕಿದೆ. ಟಿವಿ ಆರಿಸು ಅಂದೆ. ಆರಿಸಿದಳು. ನನ್ನ ಮುಖ ನೋಡಿದಳು. ಏನೂ ಇಲ್ಲ, ಎಲ್ಲೋ ಕೇಳಿದ್ದೆ ಅಂತ ಹೇಳಿಬಿಡಬಹುದಿತ್ತು. ಅವಳ ಸಲುವಾಗಿಯೇ ಹೇಳಬೇಕಿತ್ತು ಅಂತ ನೀವು ಅನ್ನಬಹುದು. ನನಗೆ ಹಾಗೆ ಹೇಳಲು ಬರಲಿಲ್ಲ. "ನಂಗ ಗೊತ್ತಿಲ್ಲವಾ. ನಂಗೂ ಹೆದರಿಕಿ ಆತು," ಅಂದೆ.

ಅವಳು ಅಳುತ್ತಾಳೆ ಅಂದುಕೊಂಡೆ. ಅಳಲಿಲ್ಲ. ಎದ್ದು ಒಳಗೆ ಹೋಗಿ ಚಹಾ ಮಾಡಿಕೊಂಡು ಬಂದು ಕೊಟ್ಟಳು.

ದೀಪ ಹಚ್ಚುವ ಹೊತ್ತಿಗೆ ನಾನು ಹಿತ್ತಲಿಗೆ ಹೋಗಬೇಕಾಯಿತು. ಹಿತ್ತಲ ಬಾಗಿಲ ತನಕ ಹೋಗಿ ನಿಂತೆ. ಹೊಸ್ತಿಲು ದಾಟಲಿಲ್ಲ. ಇಷ್ಟು ವರ್ಷ ಓಡಾಡಿದ ಹಿತ್ತಲು ಅದು. ನುಗ್ಗೆ ಗಿಡ, ಬಟ್ಟೆ ಒಗೆಯುವ ಕಲ್ಲು ಬಿಟ್ಟರೆ ಅಲ್ಲಿ ಏನೂ ಇಲ್ಲ. ಹಿಂದಿನಿಂದ ಅಕ್ಷತಾ ಬಂದಳು. "ಬಾ ಅಜ್ಜಿ, ನಾ ನಿಂದರ್ತೀನಿ," ಅಂದಳು. ಬ್ಯಾಟರಿ ಹಿಡಿದು ಮುಂದೆ ನಡೆದಳು. ನಾನು ಒಳಗಿದ್ದಷ್ಟು ಹೊತ್ತು ಹೊರಗೆ ಕತ್ತಲಲ್ಲಿ ಒಬ್ಬಳೇ ನಿಂತು ಕಾಲೇಜಿನ ಸುದ್ದಿ ಹೇಳುತ್ತಿದ್ದಳು. ಆಗ ಮಲ್ಲೇಶಿ ಬಂದದ್ದು ನನಗೆ ಒಳಗೇ ಕೇಳಿಸಿತು.

"ಇಲ್ಲ್ಯಾಕ ನಿಂತೀದಿ ಒಬ್ಬಾಕೀನ?"

"ಅಜ್ಜಿ ಒಳಗದಾಳ ಪಪ್ಪಾ. ಹೆದರತಾಳ. ಜೊತಿಗೆ ನಿಂತೇನಿ."

ಮಲ್ಲೇಶಿ ಜೋರಾಗಿ ನಕ್ಕ. "ಯವ್ವಾ, ಹಂಗಾರ ನಿನ್ನ ಹಾಸ್ಟೆಲಿಗೆ ಕಳಸೂದು ಬ್ಯಾಡ ಬಿಡು," ಅಂದ. ಅವನಿಗೆ ನಾನು ಒಳಗಿಂದಲೇ ಬೈದೆ. ರಾಣೇಬೆನ್ನೂರಿನವರ ಮಾತು ಅವನು ಮತ್ತೆ ಎತ್ತಲಿಲ್ಲ. ಹಾಸ್ಟೆಲಿಗೆ ಹೋಗುವ ದಿನ ತಾನೇ ಟ್ರಂಕು ಹೊತ್ತು ಹಾವೇರಿಗೆ ಬಿಟ್ಟು ಬಂದ.

ಹುಡುಗಿಯ ಹೆದರಿಕೆ ಯಾಕೆ ಹೋಯಿತು ಅನ್ನುವುದು ನನಗೆ ತಿಳಿಯುತ್ತದೆ. ಅಷ್ಟು ದಿನ ಮನೆಯಲ್ಲಿ ಹೆದರಿದವಳು ಅವಳೊಬ್ಬಳೇ, ಉಳಿದವರೆಲ್ಲ ಬೈಯುವವರು. ಆವತ್ತು ಜೊತೆಗೊಬ್ಬಳು ಸಿಕ್ಕಳು. ನನ್ನನ್ನು ನೋಡಿಕೊಳ್ಳುವ ಗಡಿಬಿಡಿಯಲ್ಲಿ ತನ್ನದು ಮರೆತಳು. ಟಾಕೀಸಿನಲ್ಲಿ ಜನ ಒಟ್ಟಿಗೆ ಚೀರಿ ಒಟ್ಟಿಗೆ ನಗುವುದೂ ಇದಕ್ಕೇ ಇರಬೇಕು. ತಿಳಿಯದಿರುವುದು ನನ್ನದು.

ಕೇಳಿದವರು ಏನೇನೋ ಹೇಳಿದರು. ಹುಡುಗಿಯ ದೃಷ್ಟಿ ನಿಮಗೆ ಬಂತು ಅಂದಳು ರೇಣುಕಾ. ಇಂಥ ಹಾಡೆಲ್ಲ ಒಂದೇ ನಮೂನೆ ಇರುತ್ತವೆ ಅಂದ ಅವಳ ಅಣ್ಣ. ಅಕ್ಷತಾ ಈಗ ನರ್ಸಮ್ಮನ ಹಾಗೆ ಹೇಳುತ್ತಾಳೆ, ಆ ದಿನಗಳಲ್ಲಿ ತಾನೇ ನಿದ್ದೆಗಣ್ಣಲ್ಲಿ ಗುನುಗಿ ನನ್ನ ಕಿವಿಗೆ ಹಾಕಿರಬೇಕು ಅಂತ. ಇರಬಹುದು. ಆದರೆ ಖಾಲಿ ಮೆಟ್ಟಿಲು ಕಂಡಾಗಲೇ ಅದು ಶುರುವಾಗಬೇಕು ಅಂತ ನನ್ನ ಬಾಯಿಗೆ ಹೇಳಿದವರು ಯಾರು?

ಅಕ್ಷತಾ ಈಗ ಹಾವೇರಿಯಲ್ಲೇ ಒಂದು ಆಸ್ಪತ್ರೆಯಲ್ಲಿದ್ದಾಳೆ. ರಾತ್ರಿ ಡ್ಯೂಟಿಗೆ ಹೋಗುವ ಮೊದಲು ಫೋನು ಮಾಡಿ, "ಹಿತ್ತಲಕ್ಕ ಹೋಗಿ ಬಂದ್ಯೇನಜ್ಜಿ?" ಅಂತ ಕೇಳುತ್ತಾಳೆ. ಹೋದ ಸಲ ಮನೆಗೆ ಬಂದಾಗ ಆ ಹಾಡು ಒಮ್ಮೆ ಹಾಡು ಅಂದಳು. ಹಾಡಲು ನೋಡಿದೆ. ಬರಲಿಲ್ಲ. ಏರಿದ್ದು ನೆನಪಿದೆ, ಇಳಿದದ್ದು ನೆನಪಿದೆ, ರಾಗ ಮಾತ್ರ ಬಾಯಿಗೆ ಬರುವುದಿಲ್ಲ. ಅವಳಿಗೂ ನೆನಪಿಲ್ಲವಂತೆ. ಆ ಸಿನಿಮಾ ಮತ್ತೆ ಹಚ್ಚಿ ಕೇಳೋಣ ಅಂದಳು. ಬೇಡ ಅಂದೆ.

ಮೆಣಸಿನಕಾಯಿ ತೊಟ್ಟು ನಾನು ಈಗಲೂ ಮುರಿಯುತ್ತೇನೆ. ಒಬ್ಬಳೇ ಕೂತು ಮುರಿಯುವಾಗ, ಬಾಯಿಗೆ ಬೇರೆ ಕೆಲಸ ಇರಲಿ ಅಂತ, ಮೊದಲು ಬಾಯಿ ತುಂಬ ಎಲೆ ಅಡಿಕೆ ಹಾಕಿಕೊಳ್ಳುತ್ತೇನೆ.