ಎಡಗೈಯ ಒಂದು ಹಿಡಿ

ದೆವ್ವ, ಗಾಳಿ, ಹಿಂದಿನ ಜನ್ಮ, ಸತ್ತವರು ಬಂದು ಹೇಳಿಹೋದರು ಎಂಬಂಥ ಮಾತು ಕೇಳಿದರೆ ನನಗೆ ಮೊದಲಿನಿಂದಲೂ ಮೈ ಉರಿಯುತ್ತಿತ್ತು. ಮೂವತ್ತು ವರ್ಷ ಹೈಸ್ಕೂಲಿನಲ್ಲಿ ವಿಜ್ಞಾನ ಕಲಿಸಿದವಳು ನಾನು. ಸ್ಟಾಫ್ ರೂಮಿನಲ್ಲಿ ಯಾರಾದರೂ ಇಂಥ ಕಥೆ ಶುರು ಮಾಡಿದರೆ, ಆ ಹೊತ್ತು ಏನು ಉಂಡಿದ್ದಿರಿ, ಎಷ್ಟು ತಾಸು ನಿದ್ದೆ ಮಾಡಿದ್ದಿರಿ ಎಂದು ಕೇಳಿ ಅವರ ಬಾಯಿ ಮುಚ್ಚಿಸುತ್ತಿದ್ದೆ. ಈಗ ಅಂಥದೊಂದನ್ನು ನಾನೇ ಬರೆಯಲು ಕೂತಿದ್ದೇನೆ. ಆದ್ದರಿಂದ ಮೊದಲೇ ಹೇಳಿಬಿಡುತ್ತೇನೆ. ಆ ದಿನ ನಾನು ಮೊಸರನ್ನ ಉಂಡಿದ್ದೆ. ಹಿಂದಿನ ರಾತ್ರಿ ಏಳು ತಾಸು ಚೆನ್ನಾಗಿ ಮಲಗಿದ್ದೆ. ಅದು ಅಮಾವಾಸ್ಯೆಯಲ್ಲ, ರಾತ್ರಿಯಲ್ಲ, ಹಾಡಹಗಲು ಮೂರೂವರೆ ಗಂಟೆ. ನಗುವುದಿದ್ದರೆ ನಗಿರಿ, ನಿಮ್ಮ ಜಾಗದಲ್ಲಿದ್ದರೆ ನಾನೂ ನಗುತ್ತಿದ್ದೆ.

ಇದು ನನ್ನ ಅಕ್ಕನ ಕಥೆ. ಅವಳ ಹೆಸರು ಶಾಂತವ್ವ. ನಾನು ಉಣಕಲ್ಲಿನಲ್ಲಿದ್ದೇನೆ, ಅವಳನ್ನು ಅಮ್ಮಿನಬಾವಿಗೆ ಕೊಟ್ಟಿದ್ದರು. ನಮ್ಮ ಅಪ್ಪ ಅಂಚೆ ಇಲಾಖೆಯಲ್ಲಿದ್ದರು. ಬುದ್ಧನ ಪಟ ತಂದು ಗೋಡೆಗೆ ಹಾಕಿದವರು ಅವರು. ಅದರ ಪಕ್ಕದಲ್ಲೇ ಎಲ್ಲವ್ವನ ಪಟವನ್ನು ಮೊಳೆ ಸಮೇತ ಉಳಿಸಿಕೊಂಡವಳು ಅವ್ವ. ನಾನು ಅಪ್ಪನ ಕಡೆ, ಅಕ್ಕ ಅವ್ವನ ಕಡೆ. ಚಿಕ್ಕಂದಿನಿಂದ ನಾವಿಬ್ಬರೂ ಜಗಳಾಡಿಕೊಂಡೇ ಬೆಳೆದೆವು, ಆದರೆ ಒಂದು ದಿನ ಫೋನ್ ಬರದಿದ್ದರೆ ಇಬ್ಬರಿಗೂ ಅನ್ನ ಸೇರುತ್ತಿರಲಿಲ್ಲ.

ನಮ್ಮ ಕಡೆ ಉಡಿ ತುಂಬುವ ರೂಢಿ ನಿಮಗೆ ಗೊತ್ತೇ ಇದೆ. ಮುತ್ತೈದೆಯನ್ನು ಮನೆಯಿಂದ ಬರಿಗೈಯಲ್ಲಿ ಕಳಿಸುವುದಿಲ್ಲ. ಅವಳು ಸೆರಗು ಒಡ್ಡಿ ನಿಲ್ಲಬೇಕು, ಮನೆಯವಳು ಅಕ್ಕಿಯನ್ನೋ ಗೋಧಿಯನ್ನೋ ಐದು ಹಿಡಿ ಹಾಕಬೇಕು. ಇವಳು ಅದರಲ್ಲಿ ನಾಲ್ಕು ಕಾಳು ತೆಗೆದು ಆ ಮನೆಗೇ ಬಿಟ್ಟು ಹೊರಡಬೇಕು. ನಮ್ಮವ್ವ ಎಡಚಿ. ರೊಟ್ಟಿ ಬಡಿಯುವುದು, ಕಸ ಹೊಡೆಯುವುದು, ನಮಗೆ ಏಟು ಕೊಡುವುದು ಎಲ್ಲ ಎಡಗೈಯಲ್ಲೇ. ಉಡಿ ತುಂಬಲು ಮಾತ್ರ ಬಲಗೈಯೇ ಆಗಬೇಕು. ಅದಕ್ಕೆ ಅವಳು ಜನರೆದುರು ಬಲಗೈಯಿಂದ ಐದು ಹಿಡಿ ಹಾಕಿ, ಆಮೇಲೆ ನಮ್ಮಿಬ್ಬರನ್ನು ಅಡುಗೆಮನೆಗೆ ಕರೆದು, ಎಡಗೈಯಿಂದ ಸಣ್ಣದೊಂದು ಹಿಡಿ ಸೇರಿಸುತ್ತಿದ್ದಳು. 'ದಿನಾ ದುಡಿಯೂದು ಇದು. ಇದಕ್ಕೂ ಒಂದು ಹಿಡಿ ಇರ್ಲಿ, ಇಲ್ಲಾಂದ್ರ ಮುನಿಸ್ಕೊಂತೈತಿ' ಎನ್ನುತ್ತಿದ್ದಳು. ಅದು ನಮ್ಮ ಮೂವರ ಗುಟ್ಟು. ಅಪ್ಪನಿಗೂ ಗೊತ್ತಿರಲಿಲ್ಲ, ನನ್ನ ಯಜಮಾನರಿಗೆ ನಾನೆಂದೂ ಹೇಳಿರಲಿಲ್ಲ.

ಅವ್ವ ಹೋದ ಕೆಲವು ವರ್ಷಕ್ಕೆ ಭಾವನೂ ಹೋದರು. ಗಂಡ ಸತ್ತವಳಿಗೆ ಯಾರೂ ಉಡಿ ತುಂಬುವುದಿಲ್ಲ, ಅವಳೂ ಯಾರಿಗೂ ತುಂಬುವುದಿಲ್ಲ. ಆ ವರ್ಷ ಪಂಚಮಿಗೆ ಅಕ್ಕ ಬಂದಾಗ ನಾನು ಹಟ ಹಿಡಿದು ತಟ್ಟೆಯಲ್ಲಿ ಗೋಧಿ ತಂದೆ. ಅವಳು ಸೆರಗು ಹಿಂದಕ್ಕೆಳೆದು ಸೊಂಟಕ್ಕೆ ಸಿಕ್ಕಿಸಿಕೊಂಡಳು. ನಾನು ಒಂದು ತಾಸು ಭಾಷಣ ಮಾಡಿದೆ. ಇದು ಯಾರೋ ಕಟ್ಟಿದ ಕಟ್ಟಳೆ, ಅಪ್ಪ ಇದ್ದಿದ್ದರೆ ಏನೆನ್ನುತ್ತಿದ್ದರು, ನೀನು ಹಿಂಗ ಮಾಡಿದರೆ ಕಲಿತ ನಾವು ಸತ್ತಂಗ ಅಂತೆಲ್ಲ. ಅವಳು ಎಲ್ಲವನ್ನೂ ಸಮಾಧಾನದಿಂದ ಕೇಳಿ, ಚಹಾ ಇಡಲಾ ಎಂದಳು.

ಅಲ್ಲಿಗೆ ಮುಗಿದಿದ್ದರೆ ಬಿಡುತ್ತಿದ್ದೆನೇನೋ. ಆದರೆ ಮೂರು ವರ್ಷದ ಹಿಂದೆ ಅವಳ ಮಗಳು ಸುನೀತಾ ಬಸುರಾದಳು. ಎರಡು ಸಲ ನಿಲ್ಲದೆ ಹೋಗಿ, ಮೂರನೆಯದು ನಿಂತಿತ್ತು. ದೀಪಾವಳಿಯಾದ ಮೇಲೆ ಧಾರವಾಡದಲ್ಲಿ ಅವಳ ಅತ್ತೆಯ ಮನೆಯಲ್ಲಿ ಕುಬಸ, ಅಂದರೆ ಸೀಮಂತ, ಮಾಡುವುದೆಂದಾಯಿತು. ತವರಿನ ಮೊದಲ ಉಡಿ ತಾಯಿಯದು. ಅಕ್ಕ ತಾನು ಒಳಗೇ ಇರುತ್ತೇನೆ, ನೀನು ತುಂಬು ಎಂದಳು. ಸುನೀತಾ ಥೇಟ್ ನನ್ನ ಹಾಗೆ, ಒರಟು. 'ಯವ್ವಾ, ನೀ ತುಂಬದಿದ್ರ ನಾ ಮಣೀ ಮ್ಯಾಲೆ ಕೂಡೂದಿಲ್ಲ' ಎಂದುಬಿಟ್ಟಳು. ಆ ದಿನ ಹಿತ್ತಲಲ್ಲಿ ಅಕ್ಕ ನನ್ನೆದುರು ಮೊದಲ ಸಲ ಅತ್ತಳು. 'ಎರಡು ಹೋಗ್ಯಾವ. ಇದಕ್ಕ ನನ್ನ ಕೈ ತಾಕಿ ಏನರ ಆತಂದ್ರ ನಾ ಬದಕೂದಿಲ್ಲ' ಎಂದಳು. ರೂಢಿಯ ಜೊತೆ ನಾನು ಜಗಳವಾಡಬಲ್ಲೆ. ಹೆದರಿಕೆಯ ಜೊತೆ ಹೇಗೆ ಆಡಲಿ?

ಅದೇ ಹೊತ್ತಿಗೆ ನನ್ನ ನಿವೃತ್ತಿಯ ಖುಷಿಗೆಂದು ಹುಬ್ಬಳ್ಳಿಯ ಟ್ರಾವೆಲ್ಸ್ ಒಂದರಲ್ಲಿ ಯುರೋಪ್ ಪ್ರವಾಸಕ್ಕೆ ಹೆಸರು ಕೊಟ್ಟಿದ್ದೆ. ಯಜಮಾನರು ಮೊಣಕಾಲು ತೋರಿಸಿ ಹಿಂದೆ ಸರಿದರು. ಅವರ ಜಾಗಕ್ಕೆ ಅಕ್ಕನನ್ನು ಎಳೆದೊಯ್ದೆ. ಅವಳು ಬಸುರಿ ಮಗಳನ್ನು ಬಿಟ್ಟು ಬರುವುದಿಲ್ಲ ಎಂದರೆ ಸುನೀತಾಳೇ ಅವಳ ಚೀಲ ತುಂಬಿದಳು. ಇಳಕಲ್ ಸೀರೆ ಆರು, ಕಡಕ್ ರೊಟ್ಟಿಯ ಒಂದು ಡಬ್ಬಿ, ಶೇಂಗಾ ಹಿಂಡಿ ಇನ್ನೊಂದು ಡಬ್ಬಿ. ಐಫೆಲ್ ಗೋಪುರ ನೋಡಿ ಅಕ್ಕ, ಇನ್ನೂ ಕಟ್ಟಡ ಮುಗಿದಿಲ್ಲೇನು ಎಂದು ಕೇಳಿದ್ದನ್ನು ನಾನು ಇಂದಿಗೂ ಎಲ್ಲರಿಗೂ ಹೇಳುತ್ತೇನೆ.

ಪ್ಯಾರಿಸ್ಸಿನಿಂದ ಒಂದು ದಿನದ ಮಟ್ಟಿಗೆ ಬರ್ಗಂಡಿ ಎಂಬ ದ್ರಾಕ್ಷಿ ಸೀಮೆಗೆ ಬಸ್ಸಿನಲ್ಲಿ ಕರೆದೊಯ್ದರು. ನಮ್ಮ ಗೈಡ್ ಕ್ಲೇರ್ ಎಂಬ ಹೆಣ್ಣುಮಗಳು, ನನ್ನದೇ ವಯಸ್ಸು, ಒಳ್ಳೆ ಇಂಗ್ಲಿಷ್ ಮಾತಾಡುತ್ತಿದ್ದಳು. ಅಕ್ಟೋಬರ್ ಮೊದಲ ವಾರ. ಸುಗ್ಗಿ ಮುಗಿದು, ಬಳ್ಳಿಯ ಎಲೆಗಳು ಹಳದಿಯಾಗುತ್ತಿದ್ದವು. ಗುಡ್ಡದ ಇಳಿಜಾರಿನ ಉದ್ದಕ್ಕೂ ಸೊಂಟದೆತ್ತರದ ಸಾಲು. ಅಕ್ಕ ಕಿಟಕಿ ಬಿಟ್ಟು ಕಣ್ಣು ತೆಗೆಯಲಿಲ್ಲ. ಇಷ್ಟು ನೆಟ್ಟಗೆ ಸಾಲು ಹೊಡೆದವನ ಕೈಗೆ ಬಂಗಾರದ ಕಡಗ ಹಾಕಬೇಕು ಎಂದಳು.

ಒಂದು ನೆಲಮಾಳಿಗೆಯಲ್ಲಿ ನಮಗೆ ವೈನ್ ರುಚಿ ತೋರಿಸಿದರು. ಬಾಯಲ್ಲಿ ಹಾಕಿಕೊಂಡು, ಹೊರಳಿಸಿ, ಪೀಕದಾನಿಯಂಥ ಪಾತ್ರೆಯಲ್ಲಿ ಉಗುಳಬೇಕಂತೆ. ನಾನು ಎರಡು ಗುಟುಕು ತೆಗೆದುಕೊಂಡು ಹಾಗೇ ಮಾಡಿದೆ, ಆದ್ದರಿಂದ ನೀವು ಈಗ ಕೇಳಬೇಕೆಂದಿರುವ ಪ್ರಶ್ನೆಯನ್ನು ಕೇಳಬೇಡಿ. ಅಕ್ಕ ಜನ್ಮದಲ್ಲಿ ಹೆಂಡ ಮುಟ್ಟಿದವಳಲ್ಲ. ಆದರೆ ಮನೆಯವರು ಕೊಟ್ಟದ್ದನ್ನು ಬೇಡವೆನ್ನುವುದು, ಬಾಯಿಗೆ ಹಾಕಿದ್ದನ್ನು ಅವರೆದುರೇ ಉಗುಳುವುದು ಅವಳಿಂದಾಗದು. ಬಲಗೈ ಗುಳಿ ಮಾಡಿ ಮುಂದೆ ಹಿಡಿದಳು. ನೆಲಮಾಳಿಗೆಯ ಮಾಲಕ ಕಕ್ಕಾಬಿಕ್ಕಿಯಾಗಿ ಅಂಗೈಗೆ ನಾಲ್ಕು ಹನಿ ಹಾಕಿದ. ಅಕ್ಕ ಅದನ್ನು ತೀರ್ಥದ ಹಾಗೆ ತುಟಿಗೆ ತಾಕಿಸಿ, ಕಣ್ಣಿಗೊತ್ತಿ, ಉಳಿದದ್ದನ್ನು ತಲೆಗೆ ಸವರಿಕೊಂಡಳು. ನಮ್ಮ ಬಸ್ಸಿನವರು ನಕ್ಕರು. ಮಾಲಕ ನಗಲಿಲ್ಲ. ತನ್ನ ಅಜ್ಜನ ಕಾಲದಿಂದ ಇಲ್ಲಿ ಯಾರೂ ಇಷ್ಟು ಮರ್ಯಾದೆಯಿಂದ ಕುಡಿದಿಲ್ಲ ಎಂದನಂತೆ. ಸಂಜೆಯವರೆಗೂ ಅಕ್ಕನ ತಲೆ ದ್ರಾಕ್ಷಿಯ ವಾಸನೆ ಹೊಡೆಯುತ್ತಿತ್ತು.

ಊಟದ ಮೇಲೆ ಗುಡ್ಡದ ಮೇಲಿನ ಹಳೆಯ ಊರೊಂದಕ್ಕೆ ಹೋದೆವು. ಆರೇಳು ನೂರು ವರ್ಷದ ಕಲ್ಲಿನ ಮನೆಗಳು, ಕೋಟೆ ಬಾಗಿಲು, ಇಬ್ಬರು ಎದುರಾದರೆ ಒಬ್ಬರು ಗೋಡೆಗಂಟಬೇಕಾದ ಓಣಿಗಳು. ಊರ ತುದಿಯಲ್ಲಿ ಚರ್ಚು. ಏರು ಹತ್ತುವಾಗ ಅಕ್ಕನಿಗೆ ಕಾಲು ನೋಯತೊಡಗಿತು. ಒಂದು ಮನೆಯ ಮುಂದಿನ ಕಲ್ಲಿನ ಕಟ್ಟೆಯ ಮೇಲೆ ನಮ್ಮಿಬ್ಬರನ್ನು ಕೂರಿಸಿ, ಅರ್ಧ ತಾಸಿಗೆ ಬರುತ್ತೇನೆಂದು ಹೇಳಿ ಕ್ಲೇರ್ ಉಳಿದವರನ್ನು ಕರೆದುಕೊಂಡು ಹೋದಳು. ಹಿತವಾದ ಬಿಸಿಲಿತ್ತು. ಬಾಗಿಲ ಪಕ್ಕ ಬುಟ್ಟಿಯಲ್ಲಿ ಅಕ್ರೋಟು ಒಣಹಾಕಿದ್ದರು. ಅಕ್ಕ ಸುನೀತಾಳ ಮಾತು ತೆಗೆದಳು. ಕುಬಸದ ದಿನ ಜ್ವರವೆಂದು ಹೇಳಿ ಅಮ್ಮಿನಬಾವಿಯಲ್ಲೇ ಉಳಿದುಬಿಡಲೇ ಎಂದು ನನ್ನನ್ನು ಕೇಳುತ್ತಿದ್ದಳು.

ಆಗ ಬಾಗಿಲು ತೆರೆದು ಒಬ್ಬ ಮುದುಕಿ ಹೊರಗೆ ಬಂದಳು. ಎಂಬತ್ತರ ಮೇಲಿರಬೇಕು. ನೀಲಿ ಉಣ್ಣೆಯ ಅಂಗಿ, ಮುಂದೆ ಅಡುಗೆಯ ಬಟ್ಟೆ ಕಟ್ಟಿಕೊಂಡಿದ್ದಳು. ನಾವು ಎದ್ದು ನಿಂತೆವು. ಅವಳು ನನ್ನ ಕಡೆ ನೋಡಲೇ ಇಲ್ಲ. ಅಕ್ಕನ ಮುಖ ನೋಡಿ ಏನೋ ಹೇಳಿ, ಬುಟ್ಟಿಯ ಕಡೆ ಕೈ ತೋರಿಸಿದಳು. ಅಕ್ಕ ಬೇಡವೆಂದು ಕೈಯಾಡಿಸಿದಳು. ಮುದುಕಿ ಮುಂದೆ ಬಂದು, ಅಕ್ಕನ ಸೆರಗಿನ ತುದಿ ತಾನೇ ಹಿಡಿದು, ಬಿಚ್ಚಿ, ಅಕ್ಕನ ಎರಡೂ ಕೈಗೆ ಕೊಟ್ಟಳು. ಆಮೇಲೆ ಬಲಗೈಯಿಂದ ಹಿಡಿ ಹಿಡಿಯಾಗಿ ಅಕ್ರೋಟು ಹಾಕತೊಡಗಿದಳು. ಒಂದು, ಎರಡು, ಮೂರು. ಅಲ್ಲಿಯವರೆಗೆ ನನಗೆ ನಗುವೇ ಬರುತ್ತಿತ್ತು. ನೋಡು, ಫ್ರಾನ್ಸಿನವರಿಗೂ ನಿನ್ನ ಉಡಿ ತುಂಬಲು ಅಡ್ಡಿಯಿಲ್ಲ ಎಂದು ಚೇಷ್ಟೆ ಮಾಡಬೇಕೆಂದಿದ್ದೆ. ಐದಕ್ಕೆ ಅವಳು ನಿಲ್ಲಿಸಿದಳು. ಕೈ ಒರೆಸಿಕೊಂಡಳು. ಆಮೇಲೆ ಎಡಗೈಯನ್ನು ಬುಟ್ಟಿಗೆ ಹಾಕಿ, ಸಣ್ಣದೊಂದು ಹಿಡಿ ತೆಗೆದು ಅಕ್ಕನ ಸೆರಗಿಗೆ ಹಾಕಿದಳು. ಹಾಕುತ್ತ ಏನೋ ಒಂದು ಮಾತು ಹೇಳಿದಳು.

ನಾನು ಅಕ್ಕನನ್ನು ನೋಡಿದೆ. ಅವಳು ಸೆರಗು ಬಿಡಲಿಲ್ಲ. ಅದರೊಳಗಿಂದ ಒಂದು ಅಕ್ರೋಟು ತೆಗೆದು ಹೊಸ್ತಿಲ ಮೇಲಿಟ್ಟಳು. ಮುದುಕಿ ಅದನ್ನು ಎತ್ತಿ ತನ್ನ ಕಿಸೆಗೆ ಹಾಕಿಕೊಂಡಳು.

ಅಷ್ಟರಲ್ಲಿ ಕ್ಲೇರ್ ಬಂದಳು. ಈಕೆ ಈಗ ಹೇಳಿದ್ದೇನು ಎಂದು ಕೇಳಿಸಿದೆ. ಇಬ್ಬರೂ ಸ್ವಲ್ಪ ಹೊತ್ತು ಮಾತಾಡಿದರು. ಕ್ಲೇರ್ ನಗುತ್ತ ನನಗೆ ಇಂಗ್ಲಿಷಿನಲ್ಲಿ ಹೇಳಿದಳು, ಕೊನೆಯದು ಎಡಗೈದಂತೆ, ಅದಕ್ಕೊಂದು ಅವಕಾಶ ಕೊಡದಿದ್ದರೆ ಮುನಿಸಿಕೊಳ್ಳುತ್ತದಂತೆ. ಇದು ಈ ಊರಿನ ಪದ್ಧತಿಯೇ ಎಂದು ಕೇಳಿದೆ. ತಾನು ಹತ್ತಿರದ ಊರಿನವಳೇ, ಇಂಥದ್ದು ಕೇಳಿಲ್ಲ ಎಂದಳು. ಅಜ್ಜಿಯನ್ನು ಕೇಳಿದರೆ, ಪದ್ಧತಿ ಎಂಥದು, ದಣಿದ ಹೆಣ್ಣುಮಗಳನ್ನು ಕಂಡು ಕೊಡಬೇಕೆನಿಸಿತು, ಮಾತು ತಾನಾಗಿ ಬಾಯಿಗೆ ಬಂತು ಎಂದಳು. ಅಜ್ಜಿ ಎಡಚಿಯೂ ಅಲ್ಲವಂತೆ.

ನಾನು ಅಕ್ಕನಿಗೆ ಕನ್ನಡದಲ್ಲಿ ಹೇಳಲು ಹೋದೆ. ಅಕ್ಕ ನನ್ನ ತೋಳು ಹಿಡಿದು, 'ಗೊತ್ತಾತು ಬಿಡವಾ. ಏನಂತಾಳಂತ ನನಗ ಗೊತ್ತೈತಿ' ಎಂದಳು.

ಬಸ್ಸಿನಲ್ಲಿ ಅವಳು ಹಾಯಾಗಿ ನಿದ್ದೆ ಹೋದಳು. ನಾನು ಪ್ಯಾರಿಸ್ ಮುಟ್ಟುವವರೆಗೂ ಲೆಕ್ಕ ಹಾಕುತ್ತಿದ್ದೆ. ಹಣ್ಣು ಕಾಯಿ ಕೊಡುವುದು ಎಲ್ಲ ಊರಿನ ಮುದುಕಿಯರ ಗುಣ. ಚೀಲವಿಲ್ಲದವಳ ಸೆರಗಿಗೆ ಹಾಕುವುದು ಸಹಜ. ಐದು ಹಿಡಿ ಕಾಕತಾಳೀಯ. ಬಲಗೈ ದಣಿದು ಎಡಗೈ ಹಾಕಿದ್ದಾಳು. ಎಲ್ಲವೂ ಸರಿ. ಆ ಮಾತು? ಅದೊಂದು ಎಲ್ಲಿಂದ ಬಂತು? ನಾನು ಕ್ಲೇರ್‌ಗೆ ಅವ್ವನ ವಿಷಯ ಎತ್ತಿರಲೇ ಇಲ್ಲ, ಅಕ್ಕನಿಗೆ ಇಂಗ್ಲಿಷೇ ಬರುವುದಿಲ್ಲ. ಊರಿಗೆ ಬಂದ ಮೇಲೆ ಕ್ಲೇರ್‌ಗೆ ಇಮೇಲ್ ಬರೆದು ಮತ್ತೆ ಕೇಳಿದೆ. ತಾನು ಹೇಳಿದ್ದು ಶಬ್ದಕ್ಕೆ ಶಬ್ದ ಸರಿ ಎಂದು ಉತ್ತರ ಬಂತು. ಇನ್ನೊಂದು ಪ್ರವಾಸಿ ತಂಡದ ಜೊತೆ ಹೋದಾಗ ಅಜ್ಜಿಯನ್ನು ವಿಚಾರಿಸಿದಳಂತೆ. ಅಜ್ಜಿಗೆ ಬಣ್ಣದ ಸೀರೆಯ ಹೆಣ್ಣುಮಗಳ ನೆನಪಿತ್ತು, ತಾನಾಡಿದ ಮಾತಿನ ನೆನಪಿರಲಿಲ್ಲ.

ಕುಬಸದ ದಿನ ಧಾರವಾಡದ ಆ ಮನೆಯ ತುಂಬ ಹೆಂಗಸರು. ಸುನೀತಾ ಮಣೆಯ ಮುಂದೆ ಕೂರದೆ ನಿಂತೇ ಇದ್ದಳು. ಅವಳ ಅತ್ತೆ ನನ್ನ ಮುಖ ನೋಡುತ್ತಿದ್ದರು. ನನಗೂ ಏನಾಗುತ್ತದೆಂದು ಗೊತ್ತಿರಲಿಲ್ಲ, ಅಕ್ಕ ಬಂದಾಗಿನಿಂದ ಅಡುಗೆಮನೆಯಲ್ಲೇ ಇದ್ದಳು. ಅವಳು ಒಳಗಿನಿಂದ ತಟ್ಟೆ ಹಿಡಿದು ಬಂದಳು. ಗೋಧಿಯ ಜೊತೆ ಆ ಅಕ್ರೋಟುಗಳಿದ್ದವು. ಯಾರೋ ಹಿಂದಿನಿಂದ ಪಿಸುಗುಟ್ಟಿದರು. ಸುನೀತಾ ತಟ್ಟನೆ ಕೂತು ಸೆರಗು ಒಡ್ಡಿದಳು. ಅಕ್ಕ ಬಲಗೈಯಿಂದ ಐದು ಹಿಡಿ ಹಾಕಿದಳು. ಆಮೇಲೆ ಅಡುಗೆಮನೆಗೆ ಕರೆಯದೆ, ಎಲ್ಲರೆದುರಿಗೇ, ಎಡಗೈಯಿಂದ ಒಂದು ಹಿಡಿ ಹಾಕಿದಳು. ನಾನು ಗೋಡೆಗೆ ಮುಖ ಮಾಡಿ ಅತ್ತೆ. ವರ್ಷಗಟ್ಟಲೆ ವಿಜ್ಞಾನ ಹೇಳಿದರೂ ಬಗ್ಗದವಳು, ನಾನು ನಂಬದ ಒಂದು ಸಂಗತಿಯಿಂದ ಬಗ್ಗಿದ್ದಳು. ಸೋತದ್ದಕ್ಕೆ ಅಷ್ಟು ಖುಷಿ ನನಗೆ ಬೇರೆಂದೂ ಆಗಿಲ್ಲ.

ಮಗು ಚೆನ್ನಾಗಿ ಹುಟ್ಟಿತು. ಹುಡುಗಿ. ಈಗ ಎರಡು ದಾಟಿದೆ, ಎಲ್ಲದಕ್ಕೂ ಎಡಗೈಯನ್ನೇ ಮುಂದೆ ಮಾಡುತ್ತದೆ. ಮನೆಯವರು ಕಣ್ಣರಳಿಸಿದಾಗ ನಾನು ಹಿಗ್ಗಿನಿಂದ ವಿವರಿಸುತ್ತೇನೆ, ಮುತ್ತಜ್ಜಿ ಎಡಚಿ, ಇಂಥದ್ದು ವಂಶದಲ್ಲಿ ಇಳಿದು ಬರುತ್ತದೆ, ಇದರಲ್ಲಿ ವಿಚಿತ್ರವೇನಿಲ್ಲ ಎಂದು. ಇದಕ್ಕೆ ನನ್ನ ಬಳಿ ಉತ್ತರವಿದೆ. ಕಲ್ಲಿನ ಕಟ್ಟೆಯ ಆ ಮುದುಕಿಯ ಮಾತಿಗೆ ಇಂದಿಗೂ ಇಲ್ಲ. ಅಕ್ಕನನ್ನು ಕೇಳಿದರೆ, ಉತ್ತರ ಯಾಕ ಬೇಕು ನಿನಗ ಎಂದು ನನ್ನನ್ನೇ ಕೇಳುತ್ತಾಳೆ.

ಕಳೆದ ಭಾನುವಾರ ಅಮ್ಮಿನಬಾವಿಗೆ ಹೋಗಿದ್ದೆ. ಅಕ್ಕ ಪಡಸಾಲೆಯಲ್ಲಿ ಕೂತು ಶೇಂಗಾ ಸುಲಿಯುತ್ತಿದ್ದಳು. ಮೊಮ್ಮಗಳು ಮೊರದಿಂದ ಎಡಗೈಯಲ್ಲಿ ಕಾಳು ಬಾಚಿ ಬಾಚಿ ಅಜ್ಜಿಯ ಮಡಿಲಿಗೆ ಸುರಿಯುತ್ತಿದ್ದಳು. ಅಕ್ಕ ಸುಲಿಯುವುದನ್ನು ನಿಲ್ಲಿಸಿ, ಎರಡೂ ಕೈಯಿಂದ ಸೆರಗು ಒಡ್ಡಿ ಕೂತಿದ್ದಳು.