ಫೋಟೋಗೆ ಬಗ್ಗಿದ ಮೊಣಕಾಲು

ಆ ಫೋಟೋ ನೆನೆದರೆ ಯಮುನಾಗೆ ಮುಖ ಎಲ್ಲಿಟ್ಟುಕೊಳ್ಳಬೇಕೋ ತಿಳಿಯುವುದಿಲ್ಲ.

ಆರಡಿ ಎತ್ತರದ ಯಮುನಾ ಬ್ಯಾಸ್ಕೆಟ್‌ಬಾಲ್ ಆಡಿಯೇ ರೈಲ್ವೆಯಲ್ಲಿ ಕೆಲಸ ಗಿಟ್ಟಿಸಿದವಳು. ಬುಟ್ಟಿಯ ಕೆಳಗೆ ಅವಳು ಕೈಯೆತ್ತಿ ನಿಂತರೆ ಎದುರಾಳಿಗಳು ಹತ್ತಿರ ಬರಲು ಹಿಂದೆಮುಂದೆ ನೋಡುತ್ತಿದ್ದರು. ಆಟ ಬಿಟ್ಟ ಮೇಲೆ ಲಿಂಗರಾಜಪುರದಲ್ಲಿ ಹುಡುಗಿಯರ ಕೋಚ್ ಆದಳು. ಬೆನ್ನು ಬಗ್ಗಿಸಿ ನಿಲ್ಲುವವರನ್ನು ಕಂಡರೆ ಅವಳಿಗೆ ಮೈ ಉರಿಯುತ್ತಿತ್ತು.

"ನೆಟ್ಟಗೆ ನಿಂತ್ಕೊಳ್ಳೇ! ಎತ್ತರ ಏನ್ ಕದ್ಕೊಂಡ್ ಬಂದಿದ್ದೀಯಾ?"

ಈ ಬೈಗುಳ ಹೆಚ್ಚಾಗಿ ತಿಂದವಳು ತಂಡದಲ್ಲೇ ಉದ್ದದ ಹುಡುಗಿ ಮೆಹ್ವಿಶ್. ಬೈಸಿಕೊಂಡೂ ಬೈಸಿಕೊಂಡೂ ಕೊನೆಗೆ ಅವಳು ತಲೆಯೆತ್ತಿ ನಡೆಯಲು ಕಲಿತಿದ್ದಳು.

ಮೊನ್ನೆ ಹೊಸ ತಿಪ್ಪಸಂದ್ರದಲ್ಲಿ ಯಮುನಾಳ ತಂಗಿಯ ಆರತಕ್ಷತೆ. ಊಟಕ್ಕೆ ಬಂದಿದ್ದ ಮೆಹ್ವಿಶ್‌ಳನ್ನೂ ಅವಳು ಫೋಟೋಗೆಂದು ವೇದಿಕೆಗೆ ಎಳೆದು ತಂದು ಎಡಕ್ಕೆ ನಿಲ್ಲಿಸಿಕೊಂಡಳು. ಬಲಕ್ಕೆ ಗಂಡ ವಸಂತ್. ಅವನ ತಲೆ ಅವಳ ಕಿವಿಗೂ ಮುಟ್ಟುವುದಿಲ್ಲ. ಕ್ಯಾಮೆರಾ ಕಂಡದ್ದೇ ತಡ, ತನ್ನ ಮದುವೆಯ ದಿನ ಅತ್ತೆ ಹೇಳಿಕೊಟ್ಟಿದ್ದಂತೆ, ಯಮುನಾ ಸೀರೆಯೊಳಗೇ ಮೊಣಕಾಲು ಮಡಿಚಿ ಗಂಡನಿಗಿಂತ ಒಂದು ಬೆರಳು ಕೆಳಗಿಳಿದಳು. ವಸಂತ್ ಎಂದೂ ಹಾಗೆ ಮಾಡು ಎಂದವನಲ್ಲ. ಪ್ರತಿ ಸಲವೂ ಅವಳೇ ಬಗ್ಗುತ್ತಿದ್ದಳು, ಪ್ರತಿ ಸಲವೂ ಒಳಗೊಳಗೇ ನಾಚುತ್ತಿದ್ದಳು.

ಫ್ಲ್ಯಾಶ್ ಬೀಳುವ ಮುನ್ನ ಎಡಕ್ಕೆ ನೋಡಿದಳು. ಅವಳನ್ನೇ ಗಮನಿಸುತ್ತಿದ್ದ ಮೆಹ್ವಿಶ್ ತಾನೂ ಮೊಣಕಾಲು ಮಡಿಚಿದ್ದಳು.

"ಇಷ್ಟು ಬಗ್ಗಿದ್ರೆ ಸಾಕಾ, ಮೇಡಂ?" ಎಂದು ಪಿಸುಗುಟ್ಟಿದಳು.